ಆ ಮುಳ್ಳು ಸಿಕ್ಕಿಕೊಳ್ಳಬಾರದಿತ್ತು

‘ಬ್ರೈಟನ್ ರಾಕ್’ ಚಿತ್ರದ ಕೊನೆ ಎಷ್ಟು ಹೃದಯಸ್ಪರ್ಶಿ ಎಂದು ಗೆಳೆಯರೊಬ್ಬರು ಬರೆದದ್ದನ್ನು ಓದಿದಾಗಿನಿಂದ ಮನಸ್ಸು ಕುದಿಯುತ್ತಿದೆ. ಹಳೆಯ ಕಪ್ಪು-ಬಿಳುಪು ಅಪರಾಧ ಚಿತ್ರಗಳ ಹುಚ್ಚು ನನಗೆಷ್ಟಿದೆ ಎಂಬುದು ನಿಮಗೆಲ್ಲ ಗೊತ್ತೇ ಇದೆ. ಬ್ರಿಟಿಷ್ ನಿರ್ದೇಶಕ ಜಾನ್ ಬೌಲ್ಟಿಂಗ್ 1947ರಲ್ಲಿ ಚಿತ್ರೀಕರಿಸಿದ ಈ ಸಿನಿಮಾ ನನಗೆ ಪ್ರಾಣ. ಹಾಗಿರುವುದರಿಂದಲೇ ಅದರ ಕೊನೆಯನ್ನು ಸಹಿಸಲಾಗುವುದಿಲ್ಲ.

ಕಥೆಯ ಕೇಂದ್ರದಲ್ಲಿರುವ ಪಿಂಕಿಗೆ ಬರೀ 17 ವರ್ಷ. ಆಗಲೇ ಪುಂಡರ ಗುಂಪಿನ ನಾಯಕ, ಕೊಲೆಗಾರ. ತನ್ನ ವಿರುದ್ಧ ಸಾಕ್ಷಿ ಹೇಳಬಲ್ಲ ಹೋಟೆಲ್ ಪರಿಚಾರಿಕೆ ರೋಸ್‌ಳ ಬಾಯಿ ಮುಚ್ಚಿಸಲು ಅವಳನ್ನೇ ಮದುವೆಯಾಗುತ್ತಾನೆ. ನಿನ್ನ ದನಿ ನನ್ನ ಬಳಿ ಇರಲಿ ಎಂದು ಅವಳು ಕೇಳಿಕೊಂಡಾಗ, ಮಾತನ್ನು ಗ್ರಾಮಫೋನ್ ಪ್ಲೇಟಿಗೆ ಮುದ್ರಿಸಿಕೊಡುವ ಪುಟ್ಟ ಗೂಡಿನೊಳಗೆ ಹೋಗುತ್ತಾನೆ. ಗಾಜಿನಾಚೆ ಅವಳು ಆಸೆಗಣ್ಣಿನಿಂದ ನೋಡುತ್ತಿದ್ದಾಳೆ, ಮಾತು ಕೇಳಿಸುವುದಿಲ್ಲ. ಒಳಗೆ ಅವನು, ‘ಪ್ರೀತಿಸುತ್ತೇನೆ ಎಂದು ಹೇಳಲಿ ಅಂತ ತಾನೆ ನಿನ್ನ ಆಸೆ’ ಎಂದು ಶುರು ಮಾಡಿ, ಅವಳ ಮೇಲಿನ ಅಸಹ್ಯವನ್ನೆಲ್ಲ ಕಾರುತ್ತಾನೆ. ಎಷ್ಟು ಸಲ ನೋಡಿದರೂ ಅಲ್ಲಿ ನನಗೆ ಗಂಟಲು ಕಟ್ಟುತ್ತದೆ.

ಈ ಚಿತ್ರಕ್ಕೆ ಮೂಲವಾದ ತಮ್ಮ 1938ರ ಕಾದಂಬರಿಯನ್ನು ಗ್ರಹಾಂ ಗ್ರೀನ್ ನಿಲ್ಲಿಸುವುದು ಎಲ್ಲಿ? ಪಿಂಕಿ ಸತ್ತಿದ್ದಾನೆ, ರೋಸ್ ಆ ಪ್ಲೇಟು ಕೇಳಲು ಆತುರದಿಂದ ಹೆಜ್ಜೆ ಹಾಕುತ್ತಿದ್ದಾಳೆ. ಅಷ್ಟೇ. ಅವಳಿಗೆ ಕಾದಿರುವುದೇನೆಂದು ನಮಗೆ ಗೊತ್ತು, ಅವಳಿಗೆ ಗೊತ್ತಿಲ್ಲ. ಸಿನಿಮಾದಲ್ಲಿ ಆಗುವುದೇನು? ಪಕ್ಕದಲ್ಲಿ ಕ್ರೈಸ್ತ ಸನ್ಯಾಸಿನಿ, ಗೀಚು ಬಿದ್ದ ಪ್ಲೇಟು. ‘ಪ್ರೀತಿಸುತ್ತೇನೆ’ ಎಂಬಲ್ಲೇ ಗ್ರಾಮಫೋನಿನ ಮುಳ್ಳು ಸಿಕ್ಕಿಕೊಂಡು ಅದನ್ನೇ ಮತ್ತೆ ಮತ್ತೆ ಹೇಳುತ್ತದೆ. ಕ್ಯಾಮೆರಾ ಶಿಲುಬೆಯತ್ತ ಹೊರಳುತ್ತದೆ. ಅಲ್ಲಿಯವರೆಗೆ ಯಾರಿಗೂ ದಯೆ ತೋರದ ಚಿತ್ರ ಇದ್ದಕ್ಕಿದ್ದಂತೆ ನಮ್ಮ ಕಣ್ಣೊರೆಸಲು ಬರುತ್ತದೆ!

ನಾಟಕಕಾರ ಟೆರೆನ್ಸ್ ರಾಟಿಗನ್ ಜೊತೆ ಚಿತ್ರಕಥೆಯಲ್ಲಿ ಗ್ರೀನ್ ಹೆಸರೂ ಇದೆಯಲ್ಲ ಎನ್ನುತ್ತೀರಿ. ಇದೆ. ಬುದ್ಧಿಯಿರುವ ಪ್ರೇಕ್ಷಕ ಅವಳು ಮುಂದೊಂದು ದಿನ ಮುಳ್ಳನ್ನು ಸರಿಸಿಯೇ ಸರಿಸುತ್ತಾಳೆ ಎಂದು ಊಹಿಸಿಕೊಳ್ಳುತ್ತಾನೆ ಎಂದು ಗ್ರೀನ್ ಸಮರ್ಥಿಸಿಕೊಂಡದ್ದೂ ಉಂಟು. ನಾನು ಒಪ್ಪುವುದಿಲ್ಲ. ಚಿತ್ರಮಂದಿರದಿಂದ ಎದ್ದುಹೋಗುವವನ ಕಿವಿಯಲ್ಲಿ ಉಳಿಯುವುದು ಕೊನೆಗೆ ಕೇಳಿದ ಮಾತು. ಅಂದಿನ ಸೆನ್ಸಾರ್ ಭಯ ಎಂಬ ಸಮಜಾಯಿಷಿಯೂ ಬೇಡ. ಅಂಥ ಯಾವ ಭಯವೂ ಇಲ್ಲದ 2010ರಲ್ಲಿ ಇದೇ ಕಥೆಯನ್ನು ಮತ್ತೆ ತೆಗೆದಾಗಲೂ ಮುಳ್ಳು ಅದೇ ಜಾಗದಲ್ಲಿ ಸಿಕ್ಕಿಕೊಂಡಿತು.

ಹೊಟ್ಟೆ ಉರಿಯುವುದು ರಿಚರ್ಡ್ ಅಟೆನ್‌ಬರೋ ನೆನಪಾದಾಗ. ನಮ್ಮಲ್ಲಿ ಅವರೆಂದರೆ ‘ಗಾಂಧಿ’ ಚಿತ್ರದ ನಿರ್ದೇಶಕರು. 1943ರಲ್ಲೇ ರಂಗದ ಮೇಲೆ ಪಿಂಕಿಯಾಗಿದ್ದವರು, ತೆರೆಯ ಮೇಲೆ ಬೆರಳುಗಳಿಗೆ ದಾರ ಸುತ್ತಿಕೊಂಡು, ರೆಪ್ಪೆಯನ್ನೂ ಬಡಿಯದೆ ಕೂರುತ್ತಾರೆ. ಆ ದಾರವೇ ಹೆದರಿಸುತ್ತದೆ, ಚಾಕು ಬೇಕಿಲ್ಲ. ಅಂಥ ನಟನೆ ಕಟ್ಟಿಕೊಟ್ಟ ಕ್ರೌರ್ಯವನ್ನು ಕೊನೆಗಳಿಗೆಯಲ್ಲಿ ಒಂದು ಗೀಚು ಅಳಿಸಿಹಾಕಬೇಕೆ?

ರೋಸ್ ಮುಗ್ಧೆ, ಅವಳನ್ನು ಕಾಪಾಡಿದರೆ ತಪ್ಪೇನು ಎಂದು ಕೇಳುವವರಿಗೆ ಒಂದೇ ಮಾತು. ಅವನು ಕೊಲೆಗಾರನೆಂದು ಅವಳಿಗೆ ಗೊತ್ತಿತ್ತು. ಗೊತ್ತಿದ್ದೇ, ಅವನೊಂದಿಗೆ ನರಕಕ್ಕೂ ಸಿದ್ಧಳಾಗಿ ಕೈಹಿಡಿದಳು. ಅಷ್ಟು ಗಟ್ಟಿ ಹುಡುಗಿಗೆ ಆ ಪ್ಲೇಟನ್ನು ಪೂರ್ತಿ ಕೇಳುವ ಶಕ್ತಿ ಇಲ್ಲವೆಂದು ತೀರ್ಮಾನಿಸಲು ಇವರು ಯಾರು? ಚಿತ್ರ ಮೆಚ್ಚಿಕೊಂಡವರು ದಯವಿಟ್ಟು ಕಾದಂಬರಿಯ ಕೊನೆಯ ಪುಟವನ್ನೂ ಓದಿ, ಆಮೇಲೆ ವಾದಕ್ಕೆ ಬನ್ನಿ.