ಆಷಾಢದಲ್ಲಿ ಇಟಲಿ, ಗಂಟಲಲ್ಲಿ ಕೆಸು

ಈಗ ನಮ್ಮ ಜಿಲ್ಲೆಯಲ್ಲಿ ಬರೀ ಊಟ ಹಾಕಿದರೆ ಯಾರೂ ಬರುವುದಿಲ್ಲ. ಊಟಕ್ಕೊಂದು ಥೀಮ್ ಬೇಕು, ಥೀಮಿಗೊಂದು ಬ್ಯಾನರ್ ಬೇಕು, ಬ್ಯಾನರಿನಲ್ಲಿ ಗಣ್ಯರ ಫೋಟೊ ಬೇಕು. ಶಿರಸಿಯಿಂದ ಕುಮಟೆಗೆ ಇಳಿಯುವ ದಾರಿಯ ರೆಸಾರ್ಟೊಂದು ಜುಲೈ ತಿಂಗಳಲ್ಲಿ ಹಾಕಿದ ಬ್ಯಾನರ್ ಹೀಗಿತ್ತು: 'ಮಳೆಗಾಲದ ಫ್ಯೂಷನ್ ಡಿನ್ನರ್. ಉತ್ತರ ಕನ್ನಡ ಮತ್ತು ಇಟಲಿ ಒಂದೇ ತಟ್ಟೆಯಲ್ಲಿ. ತಲೆಗೆ 2,500 ರೂಪಾಯಿ, ತೆರಿಗೆ ಬೇರೆ.' ಲೆಕ್ಕ ಹಾಕಿದರೆ ಲಾಭವೇ. ಮಳೆಗಾಲದಲ್ಲಿ ನಮ್ಮ ಘಟ್ಟ ಇಳಿದು ಕುಮಟೆ ಮುಟ್ಟುವುದಕ್ಕಿಂತ ಬೇಗ ಇಟಲಿ ಮುಟ್ಟಬಹುದು.

ಮೆನು ಕಾರ್ಡಿನ ಮೇಲೆ ದಪ್ಪ ಅಕ್ಷರದಲ್ಲಿ 'ಋತುಮಾನದ ರುಚಿ' ಎಂದಿತ್ತು. ಮೊದಲು ಬಂದದ್ದು ಅಪ್ಪೆಹುಳಿ, ಮಾವಿನ ಮಿಡಿಯ ಹುಳಿಸಾರು. ಬೆರಳುದ್ದದ ಗ್ಲಾಸು, ಮೇಲೆ ನೊರೆ. ಅಪ್ಪೆಮಿಡಿ ಕೊಯ್ಯುವುದು ಬೇಸಿಗೆ ಶುರುವಾಗುವಾಗ. ಆಷಾಢದ ಹೊತ್ತಿಗೆ ಅದು ಭರಣಿಯ ಉಪ್ಪುನೀರಿನಲ್ಲಿ ಮುಳುಗಿರುತ್ತದೆ. ಇರಲಿ, ಅದನ್ನಾದರೂ ಕ್ಷಮಿಸಬಹುದು. ಆದರೆ ಅಪ್ಪೆಹುಳಿ ಎಂದರೆ ಲೋಟಗಟ್ಟಲೆ ಕುಡಿದು ಕಂಬಳಿ ಎಳೆದುಕೊಳ್ಳುವ ಪದಾರ್ಥ. ಇವರು ಕೊಟ್ಟಷ್ಟಕ್ಕೆ ಆಕಳಿಕೆಯೂ ಬರಲಿಲ್ಲ.

ಆಮೇಲೆ ರಿಸೊಟ್ಟೊ, ಇಟಲಿಯವರ ಅನ್ನ. ಅಕ್ಕಿ ಇಟಲಿಯಿಂದಲೇ ಬಂದದ್ದು ಎಂದು ಹೆಮ್ಮೆಯಿಂದ ಹೇಳಿದರು. ಅಲ್ಲೇ ಕೆಳಗೆ, ಅಘನಾಶಿನಿ ಕಡಲು ಸೇರುವ ಕಡೆಯ ಗಜನಿ ಗದ್ದೆಗಳಲ್ಲಿ, ಉಪ್ಪುನೀರಿಗೂ ಜಗ್ಗದ ಕಗ್ಗ ಭತ್ತ ಬೆಳೆಯುತ್ತದೆ. ಅದಕ್ಕೆ ಪಾಸ್‌ಪೋರ್ಟ್ ಇಲ್ಲವಲ್ಲ, ಒಳಗೆ ಬಿಡಲಿಲ್ಲ.

ಮೀನಿನ ಹೆಸರು 'ಕ್ಯಾಚ್ ಆಫ್ ದಿ ಡೇ'. ಇಸ್ವಾಣದ ತುಂಡು, ಮೇಲೆ ಚೀಸ್. ಕಾರವಾರದಿಂದ ಬಂದಿದ್ದ ಹಿರಿಯರೊಬ್ಬರು ಸರ್ವರನ್ನು ಕರೆದು, "ತಮ್ಮಾ, ಇದು ಯಾವ ದಿನದ್ದು?" ಎಂದು ಕೇಳಿದರು. ಕೇಳುವ ಪ್ರಶ್ನೆಯೇ. ಜೂನ್ 1ರಿಂದ ಜುಲೈ 31ರವರೆಗೆ, 61 ದಿನ, ಯಾಂತ್ರಿಕ ದೋಣಿಗಳು ಕಡಲಿಗೆ ಇಳಿಯುವಂತಿಲ್ಲ. ಕಾರವಾರದ ಬೈತಖೋಲ್ ಬಂದರಿನಲ್ಲಿ ಬೋಟುಗಳು ಸಾಲಾಗಿ ನಿಂತು ನೆನೆಯುತ್ತಿರುತ್ತವೆ. ನಾಡದೋಣಿಯವರು ತರುವ ನಾಲ್ಕು ಮೀನು ಪೇಟೆ ಮುಟ್ಟುವ ಮೊದಲೇ ಖಾಲಿ. "ಡೇ ಅಂದ್ರೆ ಡೇ, ಸರ್" ಎಂದು ಹುಡುಗ ಜಾರಿಕೊಂಡ. ಕರಾವಳಿಯ ಮನೆಗಳಲ್ಲಿ ಈ ಎರಡು ತಿಂಗಳು ನಡೆಯುವುದು ಒಣ ಬಂಗಡೆ, ಒಣ ಸೀಗಡಿ. ನಿಜವಾದ ಮಳೆಗಾಲದ ಮೀನೂಟ ಅದೇ ಅಲ್ವಾ? ಆದರೆ ಒಣಮೀನಿನ ವಾಸನೆ ಎಸಿ ಹಾಲ್‌ಗೆ ಒಗ್ಗುವುದಿಲ್ಲವಂತೆ. ಎರಡು ವರ್ಷ ಇಟ್ಟ ಚೀಸಿನ ವಾಸನೆಗೆ ಮಾತ್ರ ಅಲ್ಲಿ ಪ್ರವೇಶ. ಅಂದಹಾಗೆ, ಮೀನಿನ ಮೇಲೆ ಚೀಸ್ ಉದುರಿಸಿದರೆ ಇಟಲಿಯ ಅಜ್ಜಿಯಂದಿರೂ ಮುಖ ಸಿಂಡರಿಸುತ್ತಾರೆ. ಒಂದೇ ತುಂಡಿನಲ್ಲಿ ಎರಡೂ ದೇಶದವರಿಗೆ ಬೇಜಾರು ಮಾಡುವುದು ಸಣ್ಣ ಕೌಶಲವಲ್ಲ.

ಇಷ್ಟಾದರೂ ಆ ರಾತ್ರಿಯ ಹೀರೊ ಕೆಸು. ಇಡೀ ಮೆನುವಿನಲ್ಲಿ ಮಳೆಗಾಲಕ್ಕೆ ಸೇರಿದ ಪದಾರ್ಥ ಅದೊಂದೇ. ಅದನ್ನು ಹಿಡಿದು ಶೆಫ್ ಪೆಸ್ಟೊ ಮಾಡಿದ್ದರು. ಇಟಲಿಯ ಜಿನೋವಾದಲ್ಲಿ ಪೆಸ್ಟೊ ಎಂಬ ಚಟ್ನಿ ಮಾಡುವುದು ಬೇಸಿಲ್ ಎಲೆಯಿಂದ. ಎಲೆ, ಬೆಳ್ಳುಳ್ಳಿ, ಪೈನ್ ಬೀಜ, ಚೀಸ್, ಆಲಿವ್ ಎಣ್ಣೆ ಹಾಕಿ ಅರೆಯುತ್ತಾರೆ, ಬೇಯಿಸುವುದಿಲ್ಲ. ಬೇಸಿಲ್ ಇದ್ದಲ್ಲಿ ಕೆಸು ಹಾಕಿದರೆ ಫ್ಯೂಷನ್ ಆಯಿತಲ್ಲ! ಹಸಿ ಕೆಸುವಿನೆಲೆ, ಹುಳಿ ಇಲ್ಲ, ಬೆಂಕಿ ತೋರಿಸಿಲ್ಲ.

ಕೆಸುವಿನಲ್ಲಿ ಕ್ಯಾಲ್ಸಿಯಂ ಆಕ್ಸಲೇಟಿನ ಹರಳುಗಳಿರುತ್ತವೆ, ಸೂಜಿಯಷ್ಟು ಚೂಪು. ಅದಕ್ಕೇ ಶಿರಸಿ ಕಡೆ ಕರಕಲಿ ಮಾಡುವವರು ಧಾರಾಳ ಹುಳಿ ಹಾಕಿ, ಎಲೆಯ ಗುರುತೇ ಸಿಗದ ಹಾಗೆ ಬೇಯಿಸಿ, ಸೂಜಿಮೆಣಸು ನುರಿದು, ಬೆಳ್ಳುಳ್ಳಿ ಒಗ್ಗರಣೆ ಕೊಡುತ್ತಾರೆ. ಪತ್ರೊಡೆಗೂ ಹುಳಿ ಬೇಕೇ ಬೇಕು. ಇದನ್ನು ತಿಳಿಯಲು ಹೋಟೆಲ್ ಮ್ಯಾನೇಜ್‌ಮೆಂಟ್ ಓದಬೇಕಿಲ್ಲ, ಒಂದು ಸಲ ತುರಿಸಿಕೊಂಡರೆ ಸಾಕು.

ಸರಿಯಾಗಿ ಆ ಹೊತ್ತಿಗೇ ಭಾಷಣ ಶುರುವಾಯಿತು. ವೇದಿಕೆಯ ಮೇಲೆ ಗಣ್ಯರು "ನಮ್ಮ ಜಿಲ್ಲೆಯ ರುಚಿ ಜಗತ್ತಿಗೆ..." ಎಂದು ಶುರುಮಾಡಿ ಕೆಮ್ಮಿದರು. ಮತ್ತೆ "ಜಗತ್ತಿಗೆ..." ಎಂದರು, ಮತ್ತೆ ಕೆಮ್ಮಿದರು. ಸಭೆ ಇದನ್ನು ಭಾವುಕತೆ ಎಂದುಕೊಂಡು ಚಪ್ಪಾಳೆ ತಟ್ಟಿತು. ಅಷ್ಟರಲ್ಲಿ ಸಭೆಯೂ ಕೆಮ್ಮತೊಡಗಿತು. ಬೆಂಗಳೂರಿನಿಂದ ಬಂದಿದ್ದ ವ್ಲಾಗರ್ ಒಬ್ಬರು ಕ್ಯಾಮೆರಾ ಕಡೆ ತಿರುಗಿ, ನೀರು ತುಂಬಿದ ಕಣ್ಣಿನಲ್ಲಿ, "ಏನೋ ಒಂಥರಾ ವೈಲ್ಡ್ ಫೀಲ್" ಎಂದರು. ಮುಂದಿನ ಸಾಲಿನ ಅಮ್ಮನೊಬ್ಬರು ಮಾತ್ರ ಶೆಫ್‌ಗೆ ನೇರವಾಗಿ ಕೇಳಿದರು. "ತಮಾ, ಕೆಸಕ್ಕೆ ಹುಳಿ ಹಾಕಿದ್ಯ ಇಲ್ಯ?" ಹುಳಿ ಹಾಕಿದರೆ ಆಲಿವ್ ಎಣ್ಣೆಯ ಸೂಕ್ಷ್ಮ ರುಚಿ ಕೆಡುತ್ತದೆ ಎಂದು ಶೆಫ್ ವಿವರಿಸಿದರು. ಗಂಟಲು ಕೆರೆತವನ್ನು 'ಪಶ್ಚಿಮ ಘಟ್ಟದ ಟೆಕ್ಸ್ಚರ್' ಎಂದು ಅನುಭವಿಸಬೇಕಂತೆ. ಅಮ್ಮ ಚೀಲದಿಂದ ಲಿಂಬೆಹಣ್ಣು ತೆಗೆದು ಹಿಂಡಿಕೊಂಡರು. ಆ ಹಾಲ್‌ನಲ್ಲಿ ನಡೆದ ಅಡುಗೆ ಎಂದರೆ ಅದೊಂದೇ.

ಸಿಹಿಗೆ ಚಾಕೊಲೇಟ್ ಸುತ್ತಿದ ತೊಡದೇವು ಕೊಟ್ಟರು. ಅದು ಆಲೆಮನೆ ಕಾಲದ್ದು, ಕಬ್ಬಿನ ಹಾಲು ಹರಿಯುವಾಗ ಮಡಕೆಯ ಬೆನ್ನ ಮೇಲೆ ಬಳಿಯುವಂಥದ್ದು. ಗಂಟಲು ಸತ್ತಿದ್ದರಿಂದ ಯಾರೂ ತಕರಾರು ತೆಗೆಯಲಿಲ್ಲ.

ವಂದನಾರ್ಪಣೆಯಲ್ಲಿ ಮುಂದಿನ ಕಾರ್ಯಕ್ರಮದ ಘೋಷಣೆಯಾಯಿತು. ಅಂಕೋಲೆಯ ಕರಿ ಈಶಾಡು ಮಾವಿಗೆ 2023ರಲ್ಲಿ ಜಿಐ (ಭೌಗೋಳಿಕ ಸೂಚಕ) ಮಾನ್ಯತೆ ಸಿಕ್ಕಿದೆಯಲ್ಲ, ಆ ಖುಷಿಗೆ 'ಈಶಾಡು ಮತ್ತು ಜಪಾನ್' ಎಂಬ ಡಿನ್ನರ್, ಡಿಸೆಂಬರ್ ಕೊನೆಯ ವಾರ. ಹಣ್ಣಾಗುವುದು ಮೇ ತಿಂಗಳಲ್ಲಿ ಎಂದು ಅಂಕೋಲೆಯವರೊಬ್ಬರು ಎದ್ದು ನಿಂತು ಹೇಳಿದರು. ಟಿಕೆಟ್ ಮಾರಾಟ ಶುರುವಾಗಿದೆ, ಈಗ ದಿನ ಬದಲಿಸಲು ಆಗುವುದಿಲ್ಲ, ಬೇಕಿದ್ದರೆ ಮರದವರ ಜೊತೆ ಮಾತಾಡುತ್ತೇವೆ ಎಂದರು ಸಂಘಟಕರು.