ಹತ್ತೂರ ನೀರು ಕುಡಿದ ಸ್ಟ್ರೈಕರ್

2025ರ ಏಪ್ರಿಲ್ 6, ಭಾನುವಾರ ರಾತ್ರಿ. ಮಡಗಾಂವ್‌ನ ಫಾತೋರ್ಡಾ ಸ್ಟೇಡಿಯಂ. ಐಎಸ್‌ಎಲ್, ಅಂದರೆ ಇಂಡಿಯನ್ ಸೂಪರ್ ಲೀಗ್ ಫುಟ್‌ಬಾಲ್ ಸೆಮಿಫೈನಲ್‌ನ ಎರಡನೇ ಪಂದ್ಯ. ಪಕ್ಕದಲ್ಲಿ ಮಗ ಕೂತಿದ್ದ. ಅವನಿಗೆ ಆಗ ಹನ್ನೊಂದು ವರ್ಷ, ಹುಟ್ಟಿದ್ದೇ ಗೋವಾದಲ್ಲಿ. ಮೈಮೇಲೆ ಎಫ್‌ಸಿ ಗೋವಾದ ಕಿತ್ತಳೆ ಜೆರ್ಸಿ. ನಾನು ಹಾವೇರಿ ಕಡೆಯವನು, ನನ್ನ ಮನಸ್ಸೆಲ್ಲ ಬೆಂಗಳೂರು ಎಫ್‌ಸಿ ಕಡೆ. ಸುತ್ತ ಎಲ್ಲಿ ನೋಡಿದರೂ ಕಿತ್ತಳೆ ಬಣ್ಣ. ಅದಕ್ಕೇ ಬಾಯಿ ಮುಚ್ಚಿಕೊಂಡು ಕೂತಿದ್ದೆ.

ಬೆಂಗಳೂರಿನ ಮೊದಲ ಪಂದ್ಯವನ್ನು ನಮ್ಮವರು 2-0ಯಿಂದ ಗೆದ್ದಿದ್ದರು. ಇಲ್ಲಿ ವಿರಾಮ ಮುಗಿದ ಮೇಲೆ ಗೋವಾ ಒಂದು ಗೋಲು ಹೊಡೆಯಿತು. 88ನೇ ನಿಮಿಷಕ್ಕೆ ಇನ್ನೊಂದು. ಎರಡೂ ಪಂದ್ಯದ ಗೋಲು ಕೂಡಿಸಿದರೆ ಲೆಕ್ಕ ಸಮ ಆಯ್ತು. ಕಾಲ ಕೆಳಗಿನ ಕಾಂಕ್ರೀಟು ನಡುಗುತ್ತಿತ್ತು. ಮಗ ನನ್ನ ಹೆಗಲ ಮೇಲೆ ಕೈಯೂರಿ ಸೀಟಿನ ಮೇಲೆ ಹತ್ತಿ ನಿಂತ. ಎಕ್ಸ್‌ಟ್ರಾ ಟೈಮ್ ಗ್ಯಾರಂಟಿ ಅಂತ ಎಲ್ಲರೂ ಅಂದುಕೊಂಡಿದ್ದೆವು. ಇಂಜುರಿ ಟೈಮ್‌ನ ಎರಡನೇ ನಿಮಿಷ. ಪಕ್ಕದಿಂದ ಗೋಲಿನ ಮುಂದಕ್ಕೆ ಒಂದು ಕ್ರಾಸ್ ಬಂತು. ನಲವತ್ತು ವರ್ಷದ, ಐದಡಿ ಏಳಿಂಚಿನ ಬೆಂಗಳೂರಿನ ಸ್ಟ್ರೈಕರ್ ಸುನಿಲ್ ಛೆಟ್ರಿ ಅದಕ್ಕೆ ತಲೆ ಕೊಟ್ಟರು. ಗೋಲು.

ಸ್ಟೇಡಿಯಂ ಒಮ್ಮೆಗೇ ತಣ್ಣಗಾಯಿತು. ನನಗೇ ಗೊತ್ತಿಲ್ಲದೆ ಎದ್ದು ನಿಂತಿದ್ದೆ, ಕೈ ಅರ್ಧ ಮೇಲೆ ಹೋಗಿತ್ತು. ಮಗನ ಮುಖ ನೋಡಿದೆ. ಸುಮ್ನೆ ಕೂತೆ.

ವಾಪಸ್ ಬರುವಾಗ ಸ್ಕೂಟರ್ ಹಿಂದೆ ಕೂತು ತುಂಬ ಹೊತ್ತು ಅವನು ಮಾತಾಡಲಿಲ್ಲ. ನುವೆಂ ದಾಟಿದ ಮೇಲೆ ಕೇಳಿದ, "ಅಪ್ಪಾ, ಅವರು ಮೊದಲು ಗೋವಾದಲ್ಲೇ ಆಡ್ತಿದ್ರಂತೆ. ಮುಂಬೈಗೂ ಆಡಿದಾರಂತೆ. ಹಂಗಾದ್ರೆ ಅವರು ಯಾರ ಕಡೆ?"

ಗಾಡಿ ಓಡಿಸುತ್ತಾ ಏನೋ ಒಂದು ಹೇಳಿದೆ. ಸರಿಯಾದ ಉತ್ತರ ಕೊಡಲಿಲ್ಲ ಅನ್ನುವುದು ಮನಸ್ಸಲ್ಲೇ ಉಳಿದಿತ್ತು. ಮರುದಿನ ಫ್ಯಾಕ್ಟರಿ ಕ್ಯಾಂಟೀನ್‌ನಲ್ಲಿ ಜೊತೆಯವರೊಬ್ಬರು ಅದನ್ನೇ ಬೇರೆ ಥರ ಅಂದರು, "ಬಿಡ್ರೀ, ಅವರು ರೊಕ್ಕ ಎಲ್ಲಿ ಜಾಸ್ತಿ ಅಲ್ಲಿಗೆ ಹೋಗೋರು." ಆ ಮಾತು ನನಗೆ ನಿಜವಾಗಿಯೂ ಚುಚ್ಚಿತು. ಅದಕ್ಕೇ ಇಷ್ಟುದ್ದ ಬರೆಯುತ್ತಿದ್ದೇನೆ.

ಛೆಟ್ರಿ ಹುಟ್ಟಿದ್ದು 1984ರಲ್ಲಿ, ಸಿಕಂದರಾಬಾದಿನಲ್ಲಿ. ತಂದೆ ಸೈನ್ಯದಲ್ಲಿದ್ದರು. ಸೈನ್ಯದವರ ಮಕ್ಕಳಿಗೆ ನಮ್ಮೂರು ಅಂತ ಒಂದಿರುವುದಿಲ್ಲ, ಅಪ್ಪನಿಗೆ ವರ್ಗ ಆದ ಕಡೆಯೇ ಊರು. ಆಟ ಬಂದಿದ್ದು ತಾಯಿಯ ಕಡೆಯಿಂದ. ತಾಯಿ ಮತ್ತು ಅವರ ಅವಳಿ ಸಹೋದರಿ ಇಬ್ಬರೂ ನೇಪಾಳದ ಮಹಿಳಾ ತಂಡಕ್ಕೆ ಆಡಿದವರು. 2002ರಲ್ಲಿ, ಮೀಸೆ ಸರಿಯಾಗಿ ಚಿಗುರುವ ಮೊದಲೇ, ಮೋಹನ್ ಬಾಗಾನ್ ಸೇರಿ ಕೋಲ್ಕತ್ತಾಗೆ ಹೋದರು. 2005ರಲ್ಲಿ ಪಂಜಾಬಿನ ಜೆಸಿಟಿ. ಅದು ಬಟ್ಟೆ ಮಿಲ್ಲಿನ ತಂಡ. ಆಮೇಲೆ ಈಸ್ಟ್ ಬೆಂಗಾಲ್. 2009ರಲ್ಲಿ ನಮ್ಮ ಗೋವಾಕ್ಕೆ, ಇಲ್ಲಿಯ ಡೆಂಪೊ ಕ್ಲಬ್ಬಿಗೆ.

ನಾನು ಗೋವಾಕ್ಕೆ ಬಂದಿದ್ದೂ ಅದೇ ವರ್ಷ. ಅದಕ್ಕೆ ಮೊದಲು ಹುಬ್ಬಳ್ಳಿಯಲ್ಲಿ ಎರಡು ವರ್ಷ, ಪುಣೆಯ ಭೋಸರಿಯಲ್ಲಿ ನಾಲ್ಕು ವರ್ಷ ಟರ್ನರ್ ಕೆಲಸ ಮಾಡಿದ್ದೆ. ಭೋಸರಿಯ ವರ್ಕ್‌ಶಾಪ್ ಒಂದು ಸೋಮವಾರ ಬಾಗಿಲು ತೆಗೆಯಲೇ ಇಲ್ಲ. ಗೇಟಿನ ಮುಂದೆ ಟಿಫಿನ್ ಡಬ್ಬಿ ಹಿಡಿದುಕೊಂಡು ಮಧ್ಯಾಹ್ನದ ತನಕ ನಿಂತಿದ್ದೆವು. ಊರಲ್ಲಿ ಮಾತ್ರ ಸುದ್ದಿ ಹೇಗಾಯ್ತು ಗೊತ್ತಾ? "ಅವನು ಒಂದು ಕಡೆ ನಿಲ್ಲೋನಲ್ಲ." ನಾನು ಬಿಟ್ಟೆನಾ, ವರ್ಕ್‌ಶಾಪ್ ನನ್ನನ್ನು ಬಿಟ್ಟಿತಾ ಅಂತ ಯಾರೂ ಕೇಳಲಿಲ್ಲ.

ಛೆಟ್ರಿ ವಿಷಯದಲ್ಲೂ ಅದನ್ನೇ ಕೇಳಬೇಕು. ಅವರು ಮೂರು ವರ್ಷ ಆಡಿದ ಜೆಸಿಟಿ 2011ರಲ್ಲಿ ಮುಚ್ಚಿಹೋಯಿತು. ಮುಂಬೈಯ ಮಹೀಂದ್ರ ಯುನೈಟೆಡ್ ಅದಕ್ಕೂ ಒಂದು ವರ್ಷ ಮೊದಲೇ ಹೋಯಿತು. ಗೋವಾದಲ್ಲಿ ಸಾಲ್ಗಾಂವ್ಕರ್, ಸ್ಪೋರ್ಟಿಂಗ್ ಕ್ಲೂಬ್ ದ ಗೋವಾ, ಡೆಂಪೊ ಮೂರೂ 2016ರಲ್ಲಿ ಐ-ಲೀಗ್ (ಐಎಸ್‌ಎಲ್‌ಗೂ ಮೊದಲಿನ ದೇಶದ ದೊಡ್ಡ ಲೀಗ್) ಬಿಟ್ಟು ಹೊರಬಂದವು. ಡೆಂಪೊ ಮತ್ತೆ ಐ-ಲೀಗ್‌ಗೆ ಬರುವಷ್ಟರಲ್ಲಿ ಎಂಟು ವರ್ಷ ಕಳೆದಿತ್ತು. ಪುಣೆಯಲ್ಲಿ ಪುಣೆ ಎಫ್‌ಸಿ ಇತ್ತು, ಆಮೇಲೆ ಎಫ್‌ಸಿ ಪುಣೆ ಸಿಟಿ ಬಂತು, ಈಗ ಎರಡೂ ಇಲ್ಲ. ಕ್ಲಬ್ಬುಗಳೇ ಹೀಗೆ ನಿಲ್ಲದ ದೇಶದಲ್ಲಿ ಆಟಗಾರ ಎಲ್ಲಿ ನಿಲ್ಲಬೇಕು? ಅವನ ನಿಷ್ಠೆಯನ್ನು ತೂಗುವ ಮೊದಲು ಈ ತಕ್ಕಡಿಯನ್ನು ಒಮ್ಮೆ ನೋಡಬೇಕು ಅಲ್ವಾ?

ಡೆಂಪೊದಲ್ಲಿ ಆಗ ರಾಂಟಿ ಮಾರ್ಟಿನ್ಸ್ ಇದ್ದರು. ನೈಜೀರಿಯಾದವರು, ಗೋಲು ಹೊಡೆಯುವುದರಲ್ಲಿ ಅವರನ್ನು ಹಿಡಿಯುವವರೇ ಇರಲಿಲ್ಲ. ನಮ್ಮ ದೇಶದ ಕ್ಲಬ್ಬುಗಳಲ್ಲಿ ಅಂದಿನಿಂದ ಇಂದಿನವರೆಗೂ ಇದೇ ಪದ್ಧತಿ. ಮುಂದಿನ ಜಾಗ ವಿದೇಶದವರಿಗೆ, ನಮ್ಮ ಹುಡುಗ ಪಕ್ಕಕ್ಕೆ. ಬೆಂಗಳೂರಿನಲ್ಲೂ ವೆನೆಜುವೆಲಾದ ಮಿಕು ನಡುವೆ ಆಡಿದಾಗ ಛೆಟ್ರಿ ಎಡಗಡೆ ಆಡಿದರು. ಆ ಪಕ್ಕದ ಜಾಗದಿಂದಲೇ ಅವರು ಒಂದು ಕಲೆ ಕಲಿತರು ಅಂತ ನನಗನಿಸುತ್ತದೆ. ಅವರು ಡಿಫೆಂಡರ್ ಎದುರಿಗೆ ನಿಲ್ಲುವುದೇ ಇಲ್ಲ. ಅವನ ಬೆನ್ನ ಹಿಂದೆ, ಅವನಿಗೆ ಕಾಣದ ಕಡೆ ನಿಲ್ಲುತ್ತಾರೆ. ಚೆಂಡು ಕ್ರಾಸ್ ಮಾಡುವವನ ಕಾಲು ಬಿಟ್ಟ ಮೇಲೆ ಎರಡೇ ಹೆಜ್ಜೆ ಓಡುತ್ತಾರೆ. ಡಿಫೆಂಡರ್ ಚೆಂಡು ನೋಡುತ್ತಿರುತ್ತಾನೆ, ಇವರು ಚೆಂಡು ಬೀಳುವ ಜಾಗ ನೋಡುತ್ತಿರುತ್ತಾರೆ. ಆರಡಿ ಎತ್ತರದವರ ನಡುವೆ ಐದಡಿ ಏಳಿಂಚಿನವರು ಇಷ್ಟೊಂದು ಹೆಡರ್ ಗೋಲು ಹೊಡೆದದ್ದು ಎತ್ತರಕ್ಕೆ ಹಾರಿ ಅಲ್ಲ, ಸರಿಯಾದ ಹೊತ್ತಿಗೆ ಅಲ್ಲಿಗೆ ಮುಟ್ಟಿ.

ಈಗ ವಿದೇಶದ ಮಾತು. ಎಲ್ಲರೂ ಬೆರಳು ತೋರಿಸುವುದು ಇಲ್ಲೇ. "ಹೊರಗೆ ಹೋದರು, ಫೇಲಾಗಿ ಬಂದರು."

2009ರಲ್ಲಿ ಲಂಡನ್ನಿನ ಕ್ವೀನ್ಸ್ ಪಾರ್ಕ್ ರೇಂಜರ್ಸ್ ಅವರನ್ನು ತೆಗೆದುಕೊಳ್ಳಲು ಒಪ್ಪಿತ್ತು. ವರ್ಕ್ ಪರ್ಮಿಟ್ ಸಿಗಲಿಲ್ಲ. ಕಾರಣ ಅವರ ಆಟ ಅಲ್ಲ. ಫಿಫಾ ರ‍್ಯಾಂಕಿಂಗ್‌ನಲ್ಲಿ ಭಾರತ ಮೊದಲ 70ರೊಳಗೆ ಇರಲಿಲ್ಲ. ದೇಶದ ಅಂಕಪಟ್ಟಿ ನೋಡಿ ಒಬ್ಬ ಹುಡುಗನನ್ನು ಬಾಗಿಲಲ್ಲೇ ನಿಲ್ಲಿಸಿದರು. 2010ರ ಮಾರ್ಚ್‌ನಲ್ಲಿ ಅಮೆರಿಕದ ಕಾನ್ಸಸ್ ಸಿಟಿ ವಿಜರ್ಡ್ಸ್ ಕರೆಯಿತು. ಸೀಸನ್ ನಡುವೆಯೇ ಡೆಂಪೊ ಬಿಟ್ಟು ಹೊರಟರು. ಆ ವರ್ಷ ಡೆಂಪೊ ಐ-ಲೀಗ್ ಗೆದ್ದಿತು. ಅಮೆರಿಕದಲ್ಲಿ ಅವರಿಗೆ ಸಿಕ್ಕಿದ್ದು ಯುಎಸ್ ಓಪನ್ ಕಪ್‌ನ ಒಂದು ಪಂದ್ಯ, ಮ್ಯಾಂಚೆಸ್ಟರ್ ಯುನೈಟೆಡ್ ವಿರುದ್ಧದ ಸೌಹಾರ್ದ ಪಂದ್ಯದಲ್ಲಿ ಸ್ವಲ್ಪ ಹೊತ್ತು. ಲೀಗ್‌ನಲ್ಲಿ ಒಂದೂ ಪಂದ್ಯ ಇಲ್ಲ. ವಾಪಸ್ ಬಂದು ಚಿರಾಗ್ ಯುನೈಟೆಡ್, ಮತ್ತೆ ಮೋಹನ್ ಬಾಗಾನ್. 2012ರಲ್ಲಿ ಮತ್ತೆ ಗಂಟುಮೂಟೆ ಕಟ್ಟಿದರು. ಈ ಸಲ ಪೋರ್ಚುಗಲ್, ಲಿಸ್ಬನ್‌ನ ಸ್ಪೋರ್ಟಿಂಗ್.

ಗೋವಾದಲ್ಲಿ ಈ ಸುದ್ದಿಗೆ ಬೇರೆಯೇ ತೂಕ ಇತ್ತು. ಆಗ ನಾವು ವಾಸ್ಕೋದಲ್ಲಿ ಬಾಡಿಗೆಗೆ ಇದ್ದೆವು. ಮನೆ ಮಾಲೀಕರು ಪೋರ್ಚುಗೀಸ್ ಕಾಲದಲ್ಲಿ ಶಾಲೆಗೆ ಹೋದ ಮುದುಕರು. ಅವರ ಹಾಲ್‌ನಲ್ಲಿ ಏಸುವಿನ ಪಟದ ಕೆಳಗೆ ಹಸಿರು ಬಿಳಿ ಪಟ್ಟೆಯ ಸ್ಪೋರ್ಟಿಂಗ್ ಸ್ಕಾರ್ಫ್ ತೂಗುತ್ತಿತ್ತು. ಪೇಪರ್ ಹಿಡಿದುಕೊಂಡು ನಮ್ಮ ಬಾಗಿಲಿಗೇ ಬಂದು, "ರೊನಾಲ್ಡೊ ಬೆಳೆದ ಕ್ಲಬ್ಬು, ಗೊತ್ತಾ ನಿನಗೆ?" ಅಂದಿದ್ದರು. ಅಲ್ಲಿ ಬಿ ತಂಡಕ್ಕೆ ಮೂರು ಪಂದ್ಯ ಆಡಿದರು, ಅಷ್ಟೇ. 2013ರ ಫೆಬ್ರವರಿಯಲ್ಲಿ ಲೋನ್ ಮೇಲೆ, ಅಂದರೆ ಸ್ವಲ್ಪ ಕಾಲಕ್ಕೆ ಎರವಲಾಗಿ, ಗೋವಾಕ್ಕೇ ಬಂದರು, ಚರ್ಚಿಲ್ ಬ್ರದರ್ಸ್‌ಗೆ.

ಫೇಲ್ ಅನ್ನುವವರು ಇಲ್ಲಿಗೆ ಪುಸ್ತಕ ಮುಚ್ಚುತ್ತಾರೆ. ಮುಂದಿನ ಪುಟ ಓದುವುದಿಲ್ಲ. ಬಂದ ಕೆಲವೇ ತಿಂಗಳಲ್ಲಿ ಚರ್ಚಿಲ್ ಐ-ಲೀಗ್ ಗೆದ್ದಿತು. ಅದೇ ವರ್ಷ ಹೊಚ್ಚಹೊಸ ಬೆಂಗಳೂರು ಎಫ್‌ಸಿಗೆ ಕ್ಯಾಪ್ಟನ್ ಆದರು, ಆ ತಂಡ ಮೊದಲ ಸೀಸನ್‌ನಲ್ಲೇ ಐ-ಲೀಗ್ ಗೆದ್ದಿತು. ಕಪ್ ಖಾತ್ರಿ ಆದ ಪಂದ್ಯ ಎಲ್ಲಿ ನಡೆದದ್ದು ಗೊತ್ತಾ? ಇದೇ ಫಾತೋರ್ಡಾದಲ್ಲಿ. 2014ರ ಏಪ್ರಿಲ್, ಅವರ ಹಳೆಯ ಡೆಂಪೊ ವಿರುದ್ಧವೇ, 4-2. ಮಗ ಆಗ ಮೂರು ತಿಂಗಳ ಕೂಸು. ತೊಡೆ ಮೇಲೆ ಮಲಗಿಸಿಕೊಂಡು ಟಿವಿ ನೋಡಿದ್ದೆ.

ನನ್ನದೊಂದು ಅನುಭವ ಹೇಳುತ್ತೇನೆ. ವೆರ್ಣಾ ಇಂಡಸ್ಟ್ರಿಯಲ್ ಎಸ್ಟೇಟ್‌ನ ಒಂದು ದೊಡ್ಡ ಕಂಪನಿ ನನ್ನನ್ನು ಪ್ರೊಬೇಷನ್ ಮೇಲೆ ತೆಗೆದುಕೊಂಡಿತ್ತು. ಅಲ್ಲಿಯವರೆಗೆ ನನಗೆ ಗೊತ್ತಿದ್ದದ್ದು ಕೈಯಲ್ಲಿ ಹ್ಯಾಂಡಲ್ ತಿರುಗಿಸುವ ಹಳೆಯ ಲೇತ್. ಅವರು ನಿಲ್ಲಿಸಿದ್ದು ಕಂಪ್ಯೂಟರ್‌ನಿಂದ ನಡೆಯುವ ಸಿಎನ್‌ಸಿ ಮಷಿನ್ ಮುಂದೆ. ಆಫ್‌ಸೆಟ್, ಅಂದರೆ ಟೂಲಿನ ಅಳತೆ, ಹಾಕುವುದರಲ್ಲಿ ಒಂದು ಚುಕ್ಕಿ ಆಚೀಚೆ ಆದರೆ ಇಡೀ ಜಾಬ್ ಸ್ಕ್ರ್ಯಾಪ್. ಮೂರು ತಿಂಗಳಾದ ಮೇಲೆ ಕರೆದು, ನಿನ್ನ ಸ್ಪೀಡ್ ಸಾಲದು ಅಂದರು. ಆ ದಿನ ಮನೆಗೆ ಹೋಗಲು ಕಾಲು ಏಳಲಿಲ್ಲ, ವಾಸ್ಕೋ ಬಸ್‌ಸ್ಟ್ಯಾಂಡಿನಲ್ಲಿ ಕತ್ತಲಾಗುವ ತನಕ ಕೂತಿದ್ದೆ. ಆದರೆ ಆ ಮೂರು ತಿಂಗಳು ಜಾಣರ ಪಕ್ಕದಲ್ಲಿ ನಿಂತಿದ್ದೆ ನೋಡಿ, ಅದು ವ್ಯರ್ಥ ಆಗಲಿಲ್ಲ. ಮುಂದಿನ ಕೆಲಸ ಸಿಕ್ಕಿದ್ದೇ ಆ ಮಷಿನ್ ಗೊತ್ತು ಅಂತ. ಈಗಲೂ ಅನ್ನ ಹಾಕುತ್ತಿರುವುದು ಅದೇ. ಹಾಗಾಗಿ ಲಿಸ್ಬನ್‌ನಿಂದ ಬರಿಗೈಲಿ ಬಂದರು ಅಂದರೆ ನಾನು ನಂಬುವುದಿಲ್ಲ. ತನಗಿಂತ ವೇಗದ ಆಟಗಾರರ ನಡುವೆ ದಿನಾ ಅಭ್ಯಾಸ ಮಾಡಿದವರು ಅದನ್ನು ಮೈಯಲ್ಲೇ ಹೊತ್ತು ತರುತ್ತಾರೆ. ಆ ಸಾಮಾನಿಗೆ ಕಸ್ಟಮ್ಸ್‌ನಲ್ಲಿ ರಸೀದಿ ಇರುವುದಿಲ್ಲ.

ಅದೂ ಅಲ್ಲದೆ, ಹೊರಗೆ ಹೋಗಿ ನೋಡಿದವರಾದರೂ ಎಷ್ಟು ಜನ? 1936ರಲ್ಲಿ ಮೊಹಮ್ಮದ್ ಸಲೀಂ ಸ್ಕಾಟ್ಲೆಂಡಿನ ಸೆಲ್ಟಿಕ್ ಕ್ಲಬ್ಬಿಗೆ ಬರಿಗಾಲಲ್ಲಿ ಆಡಿದರು. 1999ರಲ್ಲಿ ಭೈಚುಂಗ್ ಭುಟಿಯಾ ಇಂಗ್ಲೆಂಡಿನ 'ಬರಿ' ಅನ್ನುವ ಕ್ಲಬ್ ಸೇರಿದರು. ಆಮೇಲೆ ನೆನಪಾಗುವ ದೊಡ್ಡ ಹೆಸರು ಛೆಟ್ರಿಯದೇ. ಹೋಗಿ ಸೋತವರನ್ನು ನಾವು ಆಡಿಕೊಂಡರೆ ಮುಂದಿನ ಹುಡುಗ ಹೊಸ್ತಿಲು ದಾಟುತ್ತಾನಾ?

ಮುಂಬೈ ವಿಷಯಕ್ಕೆ ಬರುತ್ತೇನೆ, ಮಗನ ಪ್ರಶ್ನೆಯಲ್ಲಿ ಅದೂ ಇತ್ತಲ್ಲ. 2015ರ ಐಎಸ್‌ಎಲ್ ಹರಾಜಿನಲ್ಲಿ ಮುಂಬೈ ಸಿಟಿ ಅವರಿಗೆ 1.2 ಕೋಟಿ ರೂಪಾಯಿ ಕೊಟ್ಟಿತು, ಆ ಹರಾಜಿನಲ್ಲಿ ಅದೇ ಹೆಚ್ಚು. ಆ ಸೀಸನ್‌ನಲ್ಲಿ ಐಎಸ್‌ಎಲ್‌ನಲ್ಲಿ ಹ್ಯಾಟ್ರಿಕ್ ಹೊಡೆದ ಮೊದಲ ಭಾರತೀಯ ಆದರು. ಆದರೆ ಮುಂಬೈ ಅಂದರೆ ನನಗೆ ನೆನಪಾಗುವುದು 2018ರ ಜೂನ್. ಅಂಧೇರಿಯ ಮೈದಾನದಲ್ಲಿ ಭಾರತ ಚೈನೀಸ್ ತೈಪೆಯನ್ನು (ತೈವಾನ್ ತಂಡ) 5-0ಯಿಂದ ಸೋಲಿಸಿತು, ಛೆಟ್ರಿ ಹ್ಯಾಟ್ರಿಕ್ ಹೊಡೆದರು. ನೋಡಲು ಬಂದವರು 2,569 ಜನ. ಮರುದಿನ ಅವರೊಂದು ವಿಡಿಯೊ ಹಾಕಿದರು. ಬೈಯಿರಿ, ಟೀಕೆ ಮಾಡಿ, ಆದರೆ ಸ್ಟೇಡಿಯಂಗೆ ಬಂದು ಮಾಡಿ ಅಂತ ಕೈಮುಗಿದು ಕೇಳಿದರು. ಜೂನ್ 4ರಂದು ಕೆನ್ಯಾ ವಿರುದ್ಧ ಅವರ ನೂರನೇ ಪಂದ್ಯ. ಮಳೆ ಸುರಿಯುತ್ತಿತ್ತು, ಆದರೂ ಟಿಕೆಟ್ ಎಲ್ಲಾ ಖಾಲಿ. ಅಂಧೇರಿಯಲ್ಲಿ ಹೋಟೆಲ್ ನಡೆಸುವ ನಮ್ಮ ಕುಂದಾಪುರದ ಸ್ನೇಹಿತರು ಆ ದಿನ ಗಲ್ಲಾ ಹುಡುಗನಿಗೆ ಒಪ್ಪಿಸಿ ಹೋಗಿದ್ದರು. ನೆನೆದ ಅಂಗಿಯಲ್ಲೇ ಫೋನ್ ಮಾಡಿ, "ಮಾರಾಯ್ರೆ, ನೀವು ಇರಬೇಕಿತ್ತು" ಅಂದರು. ಭಾರತ 3-0ಯಿಂದ ಗೆದ್ದಿತು, ಎರಡು ಗೋಲು ಛೆಟ್ರಿಯವು.

ದೇಶದ ತಂಡಕ್ಕೆ 2005ರಲ್ಲಿ ಕ್ವೆಟ್ಟಾದಲ್ಲಿ ಪಾಕಿಸ್ತಾನದ ವಿರುದ್ಧ ಮೊದಲ ಪಂದ್ಯ, ಮೊದಲ ಗೋಲು. 2024ರ ಜೂನ್ 6ರಂದು ಕೋಲ್ಕತ್ತಾದಲ್ಲಿ ಕುವೈತ್ ವಿರುದ್ಧ ಆಡಿ ವಿದಾಯ ಹೇಳಿದರು. ಆಗ 94 ಗೋಲು. ಒಂಬತ್ತು ತಿಂಗಳಿಗೇ ವಾಪಸ್ ಕರೆದರು. ಶಿಲ್ಲಾಂಗ್‌ನಲ್ಲಿ ಮಾಲ್ಡೀವ್ಸ್ ವಿರುದ್ಧ ಇನ್ನೊಂದು ಹೊಡೆದರು. ಆ ವಾಪಸಾತಿ ನನಗೆ ಖುಷಿ ಕೊಡಲಿಲ್ಲ. ಇಷ್ಟು ದೊಡ್ಡ ದೇಶದಲ್ಲಿ ಗೋಲು ಹೊಡೆಯಲು ನಲವತ್ತು ವರ್ಷದವರನ್ನೇ ಮತ್ತೆ ಕರೆಯಬೇಕಾಯಿತು. ಎಳೆಯ ಸ್ಟ್ರೈಕರ್‌ಗಳನ್ನು ಪಕ್ಕಕ್ಕೆ ತಳ್ಳಿದ ಆ ಪದ್ಧತಿಯ ಫಲ ಇದು. ಆಗ ಭಾರತದ ಕೋಚ್ ಮನೊಲೊ ಮಾರ್ಕೆಜ್. ಅವರೇ ಎಫ್‌ಸಿ ಗೋವಾದ ಕೋಚ್ ಕೂಡ. ಮಾರ್ಚ್‌ನಲ್ಲಿ ಅವರು ಕರೆದು ಆಡಿಸಿದ ತಲೆಯೇ ಏಪ್ರಿಲ್‌ನಲ್ಲಿ ಫಾತೋರ್ಡಾದಲ್ಲಿ ಅವರ ಗೋವಾ ತಂಡವನ್ನು ಹೊರಗಟ್ಟಿತು.

ಮಗನೇ, ಛೆಟ್ರಿ ಯಾರ ಕಡೆ ಅಂತ ಕೇಳಿದೆಯಲ್ಲ. ಆ ದಿನ ಮೈಮೇಲಿದ್ದ ಜೆರ್ಸಿಯ ಕಡೆ. ಡೆಂಪೊದಲ್ಲಿದ್ದಾಗ ಡೆಂಪೊ ಕಡೆ, ಚರ್ಚಿಲ್‌ನಲ್ಲಿದ್ದಾಗ ಚರ್ಚಿಲ್ ಕಡೆ, ಒಂದು ಚೂರೂ ಉಳಿಸಿಕೊಳ್ಳದೆ. ನಿಲ್ಲುವಂಥ ಜಾಗ ಬೆಂಗಳೂರಿನಲ್ಲಿ ಸಿಕ್ಕಿತು, ನಡುವೆ ಮುಂಬೈಗೆ ಆಡಿದ್ದು ಬಿಟ್ಟರೆ 2013ರಿಂದ ಅಲ್ಲೇ ಬೇರು ಬಿಟ್ಟರು. ನಿನ್ನಪ್ಪ ಹುಬ್ಬಳ್ಳಿ, ಭೋಸರಿ, ವೆರ್ಣಾ ಎಲ್ಲಾ ಕಡೆ ಕೆಲಸ ಮಾಡಿದ. ಯಾವ ಮಷಿನ್ ಮುಂದೆಯೂ ಅರೆಮನಸ್ಸಲ್ಲಿ ನಿಂತವನಲ್ಲ.

ಇದನ್ನು ಮೊನ್ನೆ ಅವನಿಗೆ ಬಾಯಲ್ಲೇ ಹೇಳಿದೆ. ಪೂರ್ತಿ ಕೇಳಿಸಿಕೊಂಡ. ಶಾಲೆಯ ತಂಡದಲ್ಲಿ ಅವನನ್ನು ವಿಂಗ್‌ಗೆ ಹಾಕಿದ್ದಾರೆ, ನಡುವೆ ಅವನಿಗಿಂತ ಒಂದಡಿ ಎತ್ತರದ ಹುಡುಗ ಆಡುತ್ತಾನೆ. ಆ ಬೇಜಾರು ಅವನಿಗೆ ಇದ್ದೇ ಇದೆ. "ಬೆನ್ನ ಹಿಂದೆ ನಿಲ್ಲೋದು ಅಂದ್ರಲ್ಲ, ಅದು ಹೆಂಗೆ?" ಅಂತ ಕೇಳಿದ. ಸಂಜೆ ಚರ್ಚ್ ಮುಂದಿನ ಬಯಲಿಗೆ ಹೋದೆವು. ಒಂದು ತೆಂಗಿನ ಮರವನ್ನು ಡಿಫೆಂಡರ್ ಅಂತ ಇಟ್ಟುಕೊಂಡು ಅದರ ಹಿಂದೆ ಅವನನ್ನು ನಿಲ್ಲಿಸಿದೆ. ನಾನು ರಬ್ಬರ್ ಚೆಂಡು ಎಸೆಯುವುದು, ಕೈ ಬಿಟ್ಟ ಮೇಲೆ ಅವನು ಎರಡು ಹೆಜ್ಜೆ ಓಡುವುದು. ಮೊದಮೊದಲು ಬೇಗ ಓಡಿಬಿಡುತ್ತಿದ್ದ. ಚರ್ಚಿನ ಗಂಟೆ ಹೊಡೆಯುವ ಹೊತ್ತಿಗೆ ಮರದ ಹಿಂದೆ ಸುಮ್ಮನೆ ನಿಂತು ಕಾಯಲು ಕಲಿತಿದ್ದ.