ದ್ರಾಕ್ಷಿ ಮೇಲಿನ ಬಿಳಿ ಪುಡಿ ವಿಷವೇ? ಸತ್ಯಾಂಶ ಇಲ್ಲಿದೆ

ದ್ರಾಕ್ಷಿ ಸೀಜನ್ ಶುರುವಾದರೆ ಸಾಕು, ವಾಟ್ಸ್‌ಆ್ಯಪ್‌ನಲ್ಲಿ ಒಂದು ಮೆಸೇಜು ಓಡಾಡುತ್ತದೆ: 'ಕಪ್ಪು ದ್ರಾಕ್ಷಿ ಮೇಲಿನ ಬಿಳಿ ಪುಡಿ ಕೀಟನಾಶಕ, ತಿಂದರೆ ಕ್ಯಾನ್ಸರ್.' ವಿಜಯಪುರ ಜಿಲ್ಲೆಯ ತಿಕೋಟಾ ಕಡೆಯ ತೋಟದವರಿಗೆ ಇದನ್ನು ತೋರಿಸಿದರೆ ನಕ್ಕಾರು.

ಆ ಪುಡಿ ಹಣ್ಣೇ ತಯಾರಿಸಿಕೊಳ್ಳುವ ಮೇಣ. ಹೆಸರು ಬ್ಲೂಮ್. ದ್ರಾಕ್ಷಿಯ ಮೇಣದಲ್ಲಿ ಹೆಚ್ಚಿಗೆ ಇರುವುದು ಓಲಿಯನೋಲಿಕ್ ಆಮ್ಲ. ಇದು ತುಳಸಿ ಎಲೆಯಲ್ಲೂ ಇದೆ.

ಮೇಣದ ಕೆಲಸ ಹಣ್ಣಿನ ನೀರು ಆರದಂತೆ ತಡೆಯುವುದು. ಅದು ಎಷ್ಟು ಗಟ್ಟಿ ಕಾವಲು ಎಂಬುದು ಮಣೂಕ (ಒಣದ್ರಾಕ್ಷಿ) ಮಾಡುವವರಿಗೆ ಗೊತ್ತು. ಹಾಗೇ ಒಣಗಲು ಬಿಟ್ಟರೆ ವಾರಗಟ್ಟಲೆ ಕಾಯಬೇಕು. ಅದಕ್ಕೇ ಲೀಟರ್ ನೀರಿಗೆ ಸುಮಾರು 25 ಗ್ರಾಂ ಪೊಟ್ಯಾಸಿಯಂ ಕಾರ್ಬೊನೇಟ್, 15 ಮಿ.ಲೀ. ಡಿಪ್ಪಿಂಗ್ ಆಯಿಲ್ (ಹಣ್ಣು ಅದ್ದಲೆಂದೇ ಇರುವ ಎಣ್ಣೆ) ಕಲಸಿ, ಗೊಂಚಲನ್ನು ಅದ್ದಿ, ಆಮೇಲೆ ಶೆಡ್ಡಿನ ಬಲೆಯ ಮೇಲೆ ಹರಡುತ್ತಾರೆ. ಮೇಣದ ಪದರ ಸಡಿಲಾಗಿ ತೇವ ಬೇಗ ಹೊರಬೀಳುತ್ತದೆ.

ಮನೆಯಲ್ಲೇ ನೋಡಿ: ಹೆಬ್ಬೆರಳಿನಿಂದ ಉಜ್ಜಿದರೆ ಬೂದು ಮುಸುಕು ಸರಿದು ಹೊಳೆಯುವ ಸಿಪ್ಪೆ ಕಾಣುತ್ತದೆ. ಉಜ್ಜದ ಕಡೆ ಒಂದು ಹನಿ ನೀರು ಬಿಟ್ಟರೆ ಮುತ್ತಿನಂತೆ ಉರುಳುತ್ತದೆ. ಬೂದಿ ರೋಗದ (ಬಳ್ಳಿಗೆ ತಗಲುವ ಶಿಲೀಂಧ್ರ ರೋಗದ) ಬಿಳುಪು ಬೇರೆ. ಅಂಥ ಕಾಯಿ ಒರಟಾಗಿ ಸೀಳುತ್ತದೆ.

ಹಾಗಂತ ತೋಟಕ್ಕೆ ಔಷಧಿ ಹೊಡೆಯುವುದೇ ಇಲ್ಲ ಎಂದಲ್ಲ. ಹೊಡೆಯುತ್ತಾರೆ, ಆದರೆ ಅದರ ಉಳಿಕೆ ಕಣ್ಣಿಗೆ ಕಾಣಲೇಬೇಕೆಂದಿಲ್ಲ. ಪುಡಿ ಇರಲಿ ಬಿಡಲಿ, ಹರಿಯುವ ನೀರಿನಲ್ಲಿ ಚೆನ್ನಾಗಿ ತೊಳೆದು ತಿನ್ನಿ.